ಪಟ್ಟಿ ಅಕ್ಕನ ಪರದೆ

ನನಗೆ ಮೂಗಿನ ತುದಿಯಲ್ಲೇ ಕೋಪ ಅಂತ ನಮ್ಮತ್ತೆ ಬೀದಿಗೆಲ್ಲ ಹೇಳಿಕೊಂಡು ಬಂದಿದ್ದಾರೆ. ಇರಲಿ, ಸುಳ್ಳೇನಲ್ಲ. ನನ್ನ ಕಂಪ್ಯೂಟರ್ ರಿಪೇರಿ ಅಂಗಡಿಯ ಷಟರ್ ಎತ್ತುವುದಕ್ಕೂ ಪುರುಸೊತ್ತು ಕೊಡದೆ ಫೋನ್ ಮಾಡಿ, "ಮೇಡಂ, ನಮ್ಮ ವಿಂಡೋ ಕಳೆದುಹೋಗಿದೆ" ಅನ್ನುವವರ ಜೊತೆ ಇಪ್ಪತ್ತು ವರ್ಷ ಏಗಿ ನೋಡಿ, ಆಮೇಲೆ ಮಾತಾಡೋಣ. ಕಳೆದುಹೋಗುವುದಕ್ಕೆ ಅದೇನು ಛತ್ರಿಯೇ? ಒಬ್ಬ ವಕೀಲರು ತಮ್ಮ ಮೇಜಿನ ಎರಡನೇ ಪರದೆಯನ್ನು ಮಗಳ ಮನೆಗೆ ಕಳಿಸಿಬಿಟ್ಟಿದ್ದರು. ಅವರ ವಿಂಡೋಗಳೆಲ್ಲ ಆ ಇಲ್ಲದ ಪರದೆಯ ಮೇಲೆ ಹೋಗಿ ಕೂತಿದ್ದವು. ನಾಲ್ಕು ಕೀಲಿ ಒತ್ತಿ ಈಚೆಗೆ ಎಳೆದು ಕೊಟ್ಟೆ. "ಇಷ್ಟೇನಾ?" ಅಂದರು. ನನ್ನ ಕೆಲಸ ಮಾಡಿ ಮುಗಿಸಿದ ಮೇಲೆ ಯಾವಾಗಲೂ ಇಷ್ಟೇ. ಮಾಡುವುದಕ್ಕೆ ಮುಂಚೆ ಮಾತ್ರ ಎಲ್ಲರ ತಲೆ ಮೇಲೆ ಆಕಾಶ ಬಿದ್ದಿರುತ್ತದೆ.

ಆದರೆ ಈಗ ಹೇಳಹೊರಟಿರುವುದು ನನ್ನ ವಿಷಯವಲ್ಲ, ಎದುರುಗಡೆ ಬಸ್ ಡಿಪೋದಲ್ಲಿ ಕೆಲಸ ಮಾಡುವ ಪಟ್ಟಿ ಅಕ್ಕನ ವಿಷಯ. ನನಗಿಂತ ಎಂಟು ವರ್ಷ ದೊಡ್ಡವರು, ಐವತ್ತನಾಲ್ಕು. ಡಿಪೋದಲ್ಲಿ ನೂರ ನಲವತ್ತು ಜನ ಡ್ರೈವರು, ಕಂಡಕ್ಟರುಗಳಿದ್ದಾರೆ. ನಾಳೆ ಯಾವ ಬಸ್ಸಿಗೆ ಯಾರು, ಯಾವ ಪಾಳಿ, ಯಾರಿಗೆ ವಾರದ ರಜೆ, ಇದನ್ನೆಲ್ಲ ಕಂಪ್ಯೂಟರಿನಲ್ಲಿ ಕೂರಿಸಿ ಸಂಜೆ ಐದಕ್ಕೆ ಉಳಿಸಿ ಹೋಗುವುದು ಅವರ ಕೆಲಸ. ಬೆಳಗಿನ ಜಾವ ನಾಲ್ಕೂವರೆಗೆ ಗೇಟಿನವನು ಅದನ್ನು ಪ್ರಿಂಟ್ ತೆಗೆದು ಹಲಗೆಗೆ ಅಂಟಿಸುತ್ತಾನೆ. ಇಪ್ಪತ್ತೆರಡು ವರ್ಷದಿಂದ ಹೀಗೇ ನಡೆದಿದೆ. ಅದಕ್ಕೇ ಅವರಿಗೆ ಆ ಹೆಸರು.

ಹೆಸರು ಕೂರಿಸುವುದು ಯಾವ ಯಂತ್ರಕ್ಕೂ ಬರುತ್ತದೆ. ಆದರೆ ಹದಿನೇಳನೇ ರೂಟಿನ ಡ್ರೈವರನ ತಾಯಿಗೆ ಮಂಗಳವಾರ ಆಸ್ಪತ್ರೆ, ಅವನಿಗೆ ಅವತ್ತು ಮಧ್ಯಾಹ್ನದ ಪಾಳಿ ಹಾಕಬಾರದು ಅಂತ ಯಂತ್ರಕ್ಕೆ ಗೊತ್ತಿಲ್ಲ. ಒಬ್ಬ ಡ್ರೈವರು ಮತ್ತು ಒಬ್ಬ ಕಂಡಕ್ಟರು ಷಡ್ಡಕರು, ಮೂರು ವರ್ಷದಿಂದ ಮಾತು ಬಿಟ್ಟಿದ್ದಾರೆ, ಇಬ್ಬರನ್ನೂ ಒಂದೇ ಬಸ್ಸಿಗೆ ಹಾಕಿದರೆ ಪ್ರಯಾಣಿಕರಿಗೆ ತೊಂದರೆ ಅಂತಲೂ ಅದಕ್ಕೆ ಗೊತ್ತಿಲ್ಲ. ಇದೆಲ್ಲ ಇರುವುದು ಪಟ್ಟಿ ಅಕ್ಕನ ತಲೆಯಲ್ಲಿ. ಎಲ್ಲೂ ಬರೆದಿಟ್ಟಿಲ್ಲ.

ಒಂದು ಬುಧವಾರ ಬೆಳಿಗ್ಗೆ ಗೇಟಿನವನು ಪಟ್ಟಿ ತೆಗೆದರೆ ಬಿಳೀ ಹಾಳೆ ಬಂತು. ಇನ್ನೊಂದು ತೆಗೆದ, ಅದೂ ಬಿಳಿ. ಐದು ಗಂಟೆಗೆ ಅರುವತ್ತು ಜನ ಹಲಗೆಯ ಮುಂದೆ ನಿಂತು ನಾನು ಎಲ್ಲಿ, ನೀನು ಎಲ್ಲಿ ಅಂತ ಗಲಾಟೆ ಎಬ್ಬಿಸಿದರು. ಕೊನೆಗೆ ಡಿಪೋದ ಹಿರಿಯ ಡ್ರೈವರು ಬೆಂಚಿನ ಮೇಲೆ ಹತ್ತಿ, ನಿನ್ನೆಯ ಪಟ್ಟಿಯಂತೆಯೇ ಇವತ್ತೂ ಹೊರಡಿ ಅಂತ ಗದರಿದ ಮೇಲೆ ಬಸ್ಸುಗಳು ಕದಲಿದವು. ಅಷ್ಟರಲ್ಲಿ ನಲವತ್ತು ನಿಮಿಷ ತಡವಾಗಿತ್ತು. ಹೊಸ ಮ್ಯಾನೇಜರು ಬಂದು ತಿಂಗಳಾಗಿರಲಿಲ್ಲ. ಅವರಿಗೆ ಮೇಲಿನವರಿಂದ ಬೈಗುಳ ಬಿತ್ತು. ಅವರು ಪಟ್ಟಿ ಅಕ್ಕನನ್ನು ಕರೆದು ಹೇಳಿದ್ದು ಇಷ್ಟು: "ಕಂಪ್ಯೂಟರ್ ಇವತ್ತೇ ರಿಪೇರಿ ಮಾಡಿಸಿ. ಸೋಮವಾರ ನಾನು ಪಕ್ಕದಲ್ಲಿ ಕೂತು ನೋಡ್ತೀನಿ. ಕಂಪ್ಯೂಟರ್ ಸರಿಯಿದ್ದೂ ಹೀಗಾಗೋದಾದ್ರೆ ಆ ಕುರ್ಚಿಗೆ ಬೇರೆಯವರನ್ನ ಹಾಕ್ಬೇಕಾಗುತ್ತೆ." ರಿಪೇರಿಗೆ ನನ್ನನ್ನು ಕರೆದರು.

ಡಿಪೋ ಕಚೇರಿ ಅಂದರೆ ಉದ್ದನೆಯ ಒಂದು ಕೋಣೆ. ಡೀಸೆಲ್ ವಾಸನೆ, ಗೋಡೆಗೆ ಒರಗಿಸಿಟ್ಟ ಹಳೇ ರೂಟು ಬೋರ್ಡುಗಳು, ಗರಗರ ಅನ್ನುವ ಫ್ಯಾನು. ಕೌಂಟರಿನ ಪಕ್ಕದ ಮೇಜು ಪಟ್ಟಿ ಅಕ್ಕನದು, ಅದರ ಹಿಂದಿನದು ರಜೆ ಅರ್ಜಿಗಳನ್ನು ನೋಡಿಕೊಳ್ಳುವ ರಜೆ ಗುಮಾಸ್ತರದು. ಅಕ್ಕನ ಪರದೆ ನೋಡಿ ನನಗೆ ನಗು ಬಂತು. ಅಕ್ಷರಗಳು ಅಂಗಡಿ ಬೋರ್ಡಿನ ಹಾಗೆ ದಪ್ಪದಪ್ಪ. ಪರದೆಯ ಅಳತೆಯನ್ನು, ಅಂದರೆ ರೆಸಲ್ಯೂಷನ್ನನ್ನು, ಯಾರೋ ಬಹಳ ಕೆಳಗಿಳಿಸಿದ್ದರು. ಪಟ್ಟಿಯ ವಿಂಡೋ ಎಷ್ಟು ದೊಡ್ಡದಾಗಿತ್ತೆಂದರೆ ಅದರ ಕಾಲುಭಾಗ ಪರದೆಯ ಕೆಳಗೆ ಎಲ್ಲೋ ಮುಳುಗಿತ್ತು.

"ಪಟ್ಟಿ ಉಳಿಸಿ ತೋರ್ಸಿ ಅಕ್ಕ" ಅಂದೆ.

ಅವರು ಟ್ಯಾಬ್ ಕೀಲಿಯ ಮೇಲೆ ಬೆರಳಿಟ್ಟರು, ಒಂದು ಸಲ ಒತ್ತಿದರೆ ಒಂದು ಖಾನೆ ಮುಂದಕ್ಕೆ ಹೋಗುವ ಕೀಲಿ ಅದು. ತುಟಿ ಅಲ್ಲಾಡುತ್ತಿತ್ತು. ಒಂದು, ಎರಡು, ಮೂರು. ಏಳಕ್ಕೆ ನಿಲ್ಲಿಸಿ ಎಂಟರ್ ಒತ್ತಿದರು. ವಿಂಡೋ ಖಾಲಿಯಾಯಿತು.

"ಉಳಿಸೋ ಬಟನ್ ಎಲ್ಲಿ?"

"ಅದು ಕಾಣಲ್ಲಮ್ಮ. ಎಣಿಸ್ಬೇಕು."

"ಹೌದು ಮೇಡಂ, ಏಳು" ಅಂತ ಹಿಂದಿನಿಂದ ರಜೆ ಗುಮಾಸ್ತರು ಸೇರಿಸಿದರು. ಅವರ ಪರದೆ ನೋಡಿದೆ. ಉಳಿಸುವ ಬಟನ್ ಹೆಬ್ಬೆರಳಿನಷ್ಟು ದೊಡ್ಡದಾಗಿ, ಹಸಿರು ಬಣ್ಣದಲ್ಲಿ, ಕಣ್ಣಿಗೆ ರಾಚುವಂತೆ ಇತ್ತು. "ಮತ್ತೆ ಇದೇನು?" ಅಂದೆ. "ಅದು ಅಲ್ಲಿರುತ್ತೆ ಮೇಡಂ. ನಾವು ಎಣಿಸ್ತೀವಿ. ಅಕ್ಕ ಹಾಗೇ ಹೇಳ್ಕೊಟ್ಟಿರೋದು" ಅಂದರು. ಆ ಕಚೇರಿಯಲ್ಲಿ ಕಳೆದ ಮೂರು ವರ್ಷದಲ್ಲಿ ಕಂಪ್ಯೂಟರ್ ಕಲಿತವರೆಲ್ಲ ಅಕ್ಕನ ಬಳಿಯೇ ಕಲಿತಿದ್ದರು. ಎಲ್ಲರೂ ಕಣ್ಣೆದುರಿಗಿದ್ದ ಬಟನ್ ಬಿಟ್ಟು ಭಕ್ತಿಯಿಂದ ಏಳು ಎಣಿಸುತ್ತಿದ್ದರು. ಹೊಟ್ಟೆ ಹಿಡಿದುಕೊಂಡು ನಕ್ಕೆ.

ಆಗಿದ್ದು ಇದು. ಮಂಗಳವಾರ ಹೊಸ ಪ್ರೋಗ್ರಾಂ ಹಾಕಿದ್ದರು. ಅದರಲ್ಲಿ ಎರಡು ಖಾನೆ ಹೆಚ್ಚಾಗಿದ್ದವು. ಏಳನೆಯದು ಈಗ ಉಳಿಸುವ ಬಟನ್ ಅಲ್ಲ, ಎಲ್ಲವನ್ನೂ ಅಳಿಸುವ ಬಟನ್. ಹಳೆಯ ಪ್ರೋಗ್ರಾಂ ಉಳಿಸಿದ ಮೇಲೂ ವಿಂಡೋ ಖಾಲಿ ಮಾಡುತ್ತಿದ್ದರಿಂದ ಯಾರಿಗೂ ಅನುಮಾನ ಬರಲಿಲ್ಲ. ನೂರ ನಲವತ್ತು ಹೆಸರನ್ನು ಅಕ್ಕ ತಮ್ಮ ಕೈಯಾರೆ ಅಳಿಸಿ, ಚೀಲ ತೆಗೆದುಕೊಂಡು ಮನೆಗೆ ಹೋಗಿದ್ದರು. ರಜೆ ಗುಮಾಸ್ತರೂ ಅವತ್ತಿನ ಅರ್ಜಿಗಳನ್ನೆಲ್ಲ ಹಾಗೇ ಅಳಿಸಿದ್ದರು.

ಪರದೆಯ ಅಳತೆ ಸರಿ ಮಾಡುವುದಕ್ಕೆ ಎರಡು ನಿಮಿಷ ಸಾಕಾಯಿತು. ಅಕ್ಷರಗಳು ಸಣ್ಣಗೆ, ಚೊಕ್ಕವಾಗಿ ಕೂತವು. ವಿಂಡೋ ಪೂರ್ತಿ ಒಳಗೆ ಬಂತು, ಹಸಿರು ಬಟನ್ ಕಾಣಿಸಿತು. ಕಚೇರಿಯವರೆಲ್ಲ ಬಂದು ನೋಡಿ ಹೋದರು. "ಚೆನ್ನಾಗಿದ್ಯಾ ಅಕ್ಕ?" ಅಂದೆ. "ಚೆನ್ನಾಗಿದೆಯಮ್ಮ, ತುಂಬಾ ಉಪಕಾರ ಆಯ್ತು" ಅಂದರು. ಅವರ ದನಿಯಲ್ಲಿ ಸಂತೋಷವಿರಲಿಲ್ಲ. ನಾನು ಅದನ್ನು ಗಮನಿಸಿದೆ, ಆದರೆ ಈ ಸರ್ಕಾರಿ ಜನಕ್ಕೆ ಏನು ಮಾಡಿದರೂ ಅಷ್ಟೇ ಅಂದುಕೊಂಡು ಎದ್ದು ಬಂದೆ.

ಶುಕ್ರವಾರ ರಜೆ ಗುಮಾಸ್ತರ ಫೋನ್ ಬಂತು. ಅಕ್ಕನ ಪರದೆ ಮತ್ತೆ ಮೊದಲಿನ ಹಾಗೇ ಆಗಿದೆಯಂತೆ. ನನ್ನ ಪಿತ್ತ ನೆತ್ತಿಗೇರಿತು. ಪರದೆ ತಾನಾಗಿ ಬದಲಾಗುವುದಿಲ್ಲ, ಯಾರೋ ಮುಟ್ಟಿರಬೇಕು. ಫೋನ್ ಮಾಡಿದವರೇ ಕಳ್ಳ ಅಂತ ತೀರ್ಮಾನಿಸಿಬಿಟ್ಟೆ. ಆ ಮನುಷ್ಯ ಊಟದ ಹೊತ್ತಿನಲ್ಲಿ ಎಲ್ಲರ ಕಂಪ್ಯೂಟರಿನಲ್ಲೂ ಮೊಮ್ಮಗಳ ಫೋಟೋ ಹಾಕಿ ತೋರಿಸುವ ಚಾಳಿಯವರು.

"ನಿಮಗೆ ಕೈ ಸುಮ್ನಿರಲ್ವಾ?" ಅಂತ ಡಿಪೋಗೇ ಹೋಗಿ ಇಡೀ ಕಚೇರಿಗೆ ಕೇಳುವಂತೆ ಅವರಿಗೆ ಉಗಿದು ಉಪ್ಪು ಹಾಕಿದೆ.

"ನಾನು ಮುಟ್ಟೇ ಇಲ್ಲ ಮೇಡಂ. ಬರೀ ಫೋಟೋ..."

"ಆ ಫೋಟೋನೇ ಅಂದೆ ನಾನು."

ಮ್ಯಾನೇಜರು ತಮ್ಮ ಕೋಣೆಯ ಬಾಗಿಲಿಗೆ ಬಂದು ಕೇಳಿಸಿಕೊಂಡು ಒಳಗೆ ಹೋದರು. ಅಕ್ಕ ಏನೋ ಹೇಳಲು ಬಾಯಿ ತೆರೆದರು, ನಾನು ಬಿಡಲಿಲ್ಲ. ಪರದೆಯನ್ನು ಮತ್ತೆ ಸರಿ ಮಾಡಿ, ಅಳತೆ ಬದಲಾಯಿಸುವ ಜಾಗಕ್ಕೆ ಪಾಸ್‌ವರ್ಡ್ ಹಾಕಿ ಬೀಗ ಜಡಿದೆ. "ಇನ್ನು ಯಾರು ಮುಟ್ತಾರೋ ನಾನೂ ನೋಡ್ತೀನಿ" ಅಂತ ಹೇಳಿ ಬಂದೆ. ಅವತ್ತು ಮನೆಯಲ್ಲಿ ಅತ್ತೆಯ ಮುಂದೆ ಇದನ್ನೆಲ್ಲ ಬಣ್ಣ ಹಚ್ಚಿ ಹೇಳಿ ಬೀಗಿದ್ದೂ ಉಂಟು.

ಶನಿವಾರ ಷಟರ್ ಎತ್ತುವಾಗ ಪಟ್ಟಿ ಅಕ್ಕ ಅಂಗಡಿಯ ಮೆಟ್ಟಿಲ ಮೇಲೆ ನಿಂತಿದ್ದರು. ಕೈಯಲ್ಲಿ ಊಟದ ಡಬ್ಬಿ. ಕಚೇರಿ ಶುರುವಾಗುವುದಕ್ಕೆ ಇನ್ನೂ ಅರ್ಧ ಗಂಟೆ ಇತ್ತು.

"ಆ ಪಾಸ್‌ವರ್ಡ್ ಬೇಕಾಗಿತ್ತಮ್ಮ."

"ಯಾಕೆ?"

"ಬೇಕು."

ಆಗ ಹೊಳೆಯಿತು. "ಅಂದ್ರೆ ನೀವೇನಾ ಅಕ್ಕ ಅದನ್ನ ಬದಲಾಯಿಸ್ತಿದ್ದಿದ್ದು? ಪಾಪ ಆ ಗುಮಾಸ್ತರನ್ನ ನಾನು ಬೈದು ಬಂದೆ. ನಿಮಗೇನು ಬಂದಿತ್ತು?" ಅಂದೆ. ಸಿಟ್ಟಿನಲ್ಲೇ ಒಂದು ಚೀಟಿಯ ಮೇಲೆ ಪಾಸ್‌ವರ್ಡ್ ಗೀಚಿ ಕೊಟ್ಟೆ. ಅವರು ಅದನ್ನು ಮುಖದ ಹತ್ತಿರ ತಂದರು, ಸ್ವಲ್ಪ ಎಡಕ್ಕೆ ಸರಿಸಿದರು, ಮತ್ತೆ ಬಲಕ್ಕೆ. ಆಮೇಲೆ ಮಡಿಸಿ ಚೀಲಕ್ಕೆ ಹಾಕಿಕೊಂಡು, "ಬಾಯಲ್ಲೂ ಒಂದ್ಸಲ ಹೇಳಿಬಿಡಮ್ಮ" ಅಂದರು.

"ಬರೆದುಕೊಟ್ಟಿದೀನಲ್ಲ. ಓದೋಕೂ ನಾನೇ ಬರ್ಬೇಕಾ?"

ಈ ಒಂದು ಮಾತನ್ನು ವಾಪಸ್ ತೆಗೆದುಕೊಳ್ಳಬಹುದು ಅಂತಿದ್ದರೆ ನನ್ನ ಅಂಗಡಿಯನ್ನೇ ಬರೆದುಕೊಡುತ್ತಿದ್ದೆ.

"ಓದೋಕಾಗಿದ್ರೆ ನಿನ್ನ ಹತ್ರ ಯಾಕೆ ಬರ್ತಿದ್ದೆ?" ಅಂದರು ಅಕ್ಕ.

ಸ್ಟೂಲ್ ಎಳೆದು ಕೂರಿಸಿದೆ. ಚಹಾ ತರಿಸಿದೆ. ನಿಧಾನವಾಗಿ ಹೇಳಿದರು. ಮೂರು ವರ್ಷದ ಹಿಂದೆ ಶುರುವಾಯಿತಂತೆ. ಕಣ್ಣಿನ ನಡುಭಾಗ ಸವೆಯುತ್ತಿದೆ, ಕನ್ನಡಕದಿಂದ ಸರಿಹೋಗುವಂಥದ್ದಲ್ಲ, ಅಂಚಿನ ನೋಟ ಉಳಿಯುತ್ತದೆ, ಪೂರ್ತಿ ಕತ್ತಲಾಗುವುದಿಲ್ಲ ಅಂತ ಡಾಕ್ಟರು ಹೇಳಿದ್ದಾರಂತೆ. ನೇರವಾಗಿ ನೋಡಿದ ಕಡೆ ಒಂದು ಬೂದು ಮಚ್ಚೆ, ಸುತ್ತಲಿನದೆಲ್ಲ ಕಾಣುತ್ತದೆ. ಅಕ್ಷರ ದೊಡ್ಡದಿದ್ದರೆ ತಲೆ ಓರೆ ಮಾಡಿಕೊಂಡು ಓದಬಹುದು. ಅದಕ್ಕೇ ಅವರು ಪರದೆಯ ಅಳತೆ ಇಳಿಸಿಕೊಂಡಿದ್ದರು. ಬಟನ್ ಕೆಳಗೆ ಮುಳುಗಿಹೋದಾಗ ಎಣಿಸಲು ಕಲಿತರು. ಮೊನ್ನೆಯಿಂದ ಏಳರ ಬದಲು ಒಂಬತ್ತು ಎಣಿಸುತ್ತಿದ್ದರು.

"ನಿನ್ನನ್ನೇ ತಗೋ. ಕಿವಿ ಕಾಣುತ್ತೆ, ಜಡೆ ಕಾಣುತ್ತೆ. ಮುಖ ಮಾತ್ರ ಇಲ್ಲ."

"ಪುಣ್ಯ ಮಾಡಿದೀರಿ ಬಿಡಿ. ನಮ್ಮತ್ತೆಗೆ ಅದೊಂದೇ ಕಾಣೋದು" ಅಂದೆ. ಅಕ್ಕ ನಕ್ಕರು. ನನಗೆ ನಗಲಾಗಲಿಲ್ಲ. ಎರಡು ಸಲ ಅವರ ಕಣ್ಣನ್ನು ಕಿತ್ತುಕೊಂಡು, ಎರಡನೇ ಸಲ ಬೀಗವನ್ನೂ ಹಾಕಿ, ಬೆನ್ನು ತಟ್ಟಿಸಿಕೊಂಡು ಬಂದವಳು ನಾನು.

"ಯಾರಿಗಾದ್ರೂ ಹೇಳಬಾರದಾ ಅಕ್ಕ?"

"ಹೇಳಿದ್ರೆ ಸಾಮಾನಿನ ಕೋಣೆಗೆ ಹಾಕ್ತಾರೆ. ಟೈರ್ ಎಣಿಸ್ಕೊಂಡು ಕೂತ್ಕೋ ಅಂತಾರೆ. ಟೈರಿಗೆ ರಜೆ ಬೇಕಾಗಲ್ಲ. ಟೈರಿನ ಅಮ್ಮನಿಗೆ ಹುಷಾರು ತಪ್ಪಲ್ಲ. ಇನ್ನೂ ಆರು ವರ್ಷ ಸರ್ವೀಸಿದೆ, ನಾನು ಅಲ್ಲಿ ಏನು ಮಾಡ್ಲಿ ಹೇಳು."

ಅವರ ಜೊತೆಯಲ್ಲೇ ಡಿಪೋಗೆ ಹೋಗಿ ಬೀಗ ತೆಗೆದು ಪರದೆಯನ್ನು ದಪ್ಪಕ್ಷರಕ್ಕೆ ತಿರುಗಿಸಿ ಕೊಟ್ಟೆ. ರಜೆ ಗುಮಾಸ್ತರು ಅವತ್ತು ರಜೆಯಲ್ಲಿದ್ದರು. ಇದ್ದಿದ್ದರೂ ಅವರ ಮುಖ ನೋಡುವ ಧೈರ್ಯ ನನಗಿರಲಿಲ್ಲ. ಸೋಮವಾರಕ್ಕೆ ಎರಡೇ ದಿನ ಉಳಿದಿತ್ತು. ಮ್ಯಾನೇಜರು ಪಕ್ಕದಲ್ಲಿ ಕೂತಾಗ ಅರ್ಧ ಮುಳುಗಿದ ವಿಂಡೋದಲ್ಲಿ ಅಕ್ಕ ತುಟಿಯಲ್ಲಿ ಎಣಿಸುತ್ತ ಕೂತರೆ ಕುರ್ಚಿ ಹೋಯಿತು ಅಂತಲೇ ಲೆಕ್ಕ.

ಮಧ್ಯಾಹ್ನ ಊಟಕ್ಕೆ ಕೂತಾಗ ಅತ್ತೆಗೆ ಎಲ್ಲ ಹೇಳಿದೆ. ಅವರು ಮಜ್ಜಿಗೆ ಲೋಟ ಕೆಳಗಿಟ್ಟು, "ಸರಿ ಮಾಡಿದೆ, ಸರಿ ಮಾಡಿದೆ ಅಂತ ನಿನ್ನೆ ಕುಣೀತಿದ್ದೆಯಲ್ಲ. ಯಾರ ಕಣ್ಣಿಗೆ ಸರಿ ಮಾಡಿದೆ? ನಿನ್ನ ಕಣ್ಣಿಗೆ ತಾನೇ?" ಅಂದರು. ಅತ್ತೆಯ ಬಾಯಲ್ಲಿ ಸರಿಯಾದ ಮಾತು ಬಂದಾಗ ಒಪ್ಪಿಕೊಳ್ಳುವುದು ಬಹಳ ಕಷ್ಟ. ತಟ್ಟೆಯಲ್ಲಿದ್ದದ್ದನ್ನು ಬೇಗ ಮುಗಿಸಿ ಎದ್ದೆ.

ಭಾನುವಾರ ಅಕ್ಕನ ಮನೆಗೆ ಹೋದೆ. ಮಹಡಿಯ ಮೇಲೆ ಎರಡು ಕೋಣೆ. ಅಕ್ಕ ಮತ್ತು ಅವರ ತಂಗಿ, ಇಬ್ಬರೇ. ತಂಗಿ ಹೊಲಿಗೆಯವರು. ಮುಂದಿನ ಕೋಣೆಯ ಮುಕ್ಕಾಲು ಭಾಗ ಹೊಲಿಗೆ ಯಂತ್ರ, ಬಟ್ಟೆಯ ಗಂಟು, ಗುಂಡಿಯ ಡಬ್ಬಿಗಳು. ಆದರೂ ಬಾಗಿಲಿನಿಂದ ಅಡುಗೆಮನೆಯವರೆಗೆ ನೆಲದ ಮೇಲೆ ಒಂದು ದಾರದ ತುಂಡೂ ಇಲ್ಲದ ಹಾದಿ. ಅಕ್ಕ ಅದರಲ್ಲಿ ಸರಸರ ಓಡಾಡುತ್ತಿದ್ದರು. ಉಪ್ಪಿನ ಡಬ್ಬಿಗೆ ಒಂದು ರಬ್ಬರ್ ಬ್ಯಾಂಡ್, ಸಕ್ಕರೆಗೆ ಎರಡು.

ನಾನು ಹತ್ತು ಅಳತೆಯ ಅಕ್ಷರಗಳನ್ನು ಹಾಳೆಗಳ ಮೇಲೆ ಅಚ್ಚು ಹಾಕಿಸಿಕೊಂಡು ಹೋಗಿದ್ದೆ. ಬಿಳಿಯ ಮೇಲೆ ಕಪ್ಪು, ಕಪ್ಪಿನ ಮೇಲೆ ಬಿಳಿ, ಕಪ್ಪಿನ ಮೇಲೆ ಹಳದಿ. ಗೋಡೆಗೆ ಹಿಡಿದು ಒಂದೊಂದನ್ನೇ ಓದಿಸಿದೆ. ತಂಗಿ ತಮ್ಮ ಅಳತೆ ಟೇಪು ತಂದು, ಅಕ್ಕನ ಮೂಗಿನಿಂದ ಹಾಳೆಗೆ ಎಷ್ಟು ದೂರ, ಅಕ್ಷರ ಎಷ್ಟು ಎತ್ತರ ಅಂತ ರವಿಕೆಯ ಅಳತೆ ತೆಗೆಯುವ ಶ್ರದ್ಧೆಯಲ್ಲಿ ಅಳೆದು ಬರೆದುಕೊಂಡರು. ಕಪ್ಪಿನ ಮೇಲೆ ಹಳದಿ ಗೆದ್ದಿತು.

"ಪರದೆಗೆ ಅಳತೆ ತಗೊಂಡಿದ್ದು ಆಯ್ತು. ಈಗಲಾದ್ರೂ ಇವಳಿಗೆ ಬಾಯಿ ಬಿಟ್ಟು ಹೇಳೋಕೆ ಹೇಳಿ. ಮೂರು ವರ್ಷದಿಂದ ನಾನು ಬಡ್ಕೋತಾ ಇದೀನಿ" ಅಂದರು ತಂಗಿ.

"ಪರದೆ ಸರಿಹೋದ್ರೆ ಹೇಳೋ ಅಗತ್ಯ ಏನಿದೆ?"

"ಅಗತ್ಯ ಇಲ್ವಾ? ನೀನು ದಿನಾ ಬೆಳಿಗ್ಗೆ ಹೆದರ್ಕೊಂಡು ಹೋಗ್ತೀಯ. ಸಂಜೆ ಬರೋವರೆಗೆ ನಾನು ಇಲ್ಲಿ ಹೆದರ್ಕೊಂಡು ಹೊಲೀತೀನಿ. ತೋಳಿನ ಜಾಗಕ್ಕೆ ಕುತ್ತಿಗೆ ಬರುತ್ತೆ ಒಂದೊಂದು ದಿನ."

ಅಕ್ಕ ಜಗ್ಗಲಿಲ್ಲ. ಕೊನೆಗೆ ನಾನೇ ಒಂದು ಸುಳ್ಳು ಹೊಸೆದು ಕೊಟ್ಟೆ. ಪಟ್ಟಿ ಉದ್ದ ಇರುವುದರಿಂದ ಪರದೆಯೂ ಉದ್ದ ಇರಬೇಕು, ಕಪ್ಪು ಬಣ್ಣ ವಿದ್ಯುತ್ ಉಳಿಸುತ್ತದೆ, ಅಷ್ಟೇ ಹೇಳೋಣ ಅಂತ ಒಪ್ಪಂದವಾಯಿತು. ಮ್ಯಾನೇಜರು ಕೇಳಿದರೆ ನಾನೇ ಮಾತಾಡುವುದು ಅಂತಲೂ ಆಯಿತು.

ಉಪಾಯ ಬಹಳ ದೊಡ್ಡದೇನಲ್ಲ. ಪಟ್ಟಿಯ ವಿಂಡೋ ಹಾಗಲಕಾಯಿಯ ಹಾಗೆ, ಅಗಲ ಕಡಿಮೆ, ಉದ್ದ ಜಾಸ್ತಿ. ಅದರ ಅಳತೆ ಬದಲಾಯಿಸಲು ಪ್ರೋಗ್ರಾಂ ಬಿಡುವುದಿಲ್ಲ. ಅಗಲವಾದ ಪರದೆಯಲ್ಲಿ ಅಕ್ಷರ ಹಿಗ್ಗಿಸಿದರೆ ಬುಡ ಮುಳುಗಲೇಬೇಕು, ಎರಡು ಪಕ್ಕ ಮಾತ್ರ ಸುಮ್ಮನೆ ಖಾಲಿ ಬಿದ್ದಿರುತ್ತವೆ. ಪರದೆಯನ್ನೇ ಎಬ್ಬಿಸಿ ನಿಲ್ಲಿಸಿಬಿಟ್ಟರೆ? ನನ್ನ ಅಂಗಡಿಯ ಅಟ್ಟದಲ್ಲಿ ದೊಡ್ಡದೊಂದು ಪರದೆ ಇತ್ತು, ಕತ್ತು ತಿರುಗಿಸುವ ಕಾಲಿನದು. ಸೋಮವಾರ ಬೆಳಿಗ್ಗೆ ಎಂಟಕ್ಕೆ ಅದನ್ನು ಹೊತ್ತುಕೊಂಡು ಡಿಪೋಗೆ ಹೋದೆ. ಪರದೆಯನ್ನು ಉದ್ದಕ್ಕೆ ನಿಲ್ಲಿಸಿ, ಚಿತ್ರವನ್ನೂ ಅದಕ್ಕೆ ತಕ್ಕಂತೆ ತಿರುಗಿಸಿ, ಅಕ್ಷರವನ್ನು ತಂಗಿ ಅಳೆದ ಎತ್ತರಕ್ಕೆ ಏರಿಸಿದೆ. ಮೊದಲು ಅಕ್ಷರಗಳ ಅಂಚು ಕಲಸಿಕೊಂಡವು. ಪ್ರೋಗ್ರಾಂ ತನ್ನ ಹಠ ಬಿಡಲಿಲ್ಲ. ಅರ್ಧ ಗಂಟೆ ಅದರ ಜೊತೆ ಗುದ್ದಾಡಿದ ಮೇಲೆ ಬಗ್ಗಿತು. ಕಪ್ಪು ನೆಲ, ಹಳದಿ ಅಕ್ಷರ. ಮೇಲಿನ ಗೆರೆಯಿಂದ ಹಿಡಿದು ಕೆಳಗಿನ ಬಟನ್‌ವರೆಗೆ ವಿಂಡೋ ಪೂರ್ತಿಯಾಗಿ ಒಳಗಿತ್ತು.

ಅಕ್ಕ ಬಂದು ಕೂತು ತಲೆ ಓರೆ ಮಾಡಿದರು. ಮೇಲಿನಿಂದ ಕೆಳಗೆ ಬಹಳ ಹೊತ್ತು ನೋಡಿದರು. "ಇದೇನಾ ಆ ಬಟನ್ನು? ಎಲ್ರೂ ಹಸಿರು ಅಂತಿದ್ರಿ" ಅಂದರು. "ಕಪ್ಪು ನೆಲಕ್ಕೆ ಹಾಕಿದ ಮೇಲೆ ಹಳದಿ ಆಗಿದೆ ಅಕ್ಕ." "ಆಗ್ಲಿ ಬಿಡು, ಕಾಣುತ್ತಲ್ಲ" ಅಂದರು.

ಹತ್ತು ಗಂಟೆಗೆ ಮ್ಯಾನೇಜರು ಕುರ್ಚಿ ಎಳೆದುಕೊಂಡು ಅಕ್ಕನ ಪಕ್ಕ ಕೂತರು. ಕೌಂಟರಿನ ಆಚೆ ಬೆಳಗಿನ ಮೊದಲ ಟ್ರಿಪ್ ಮುಗಿಸಿದವರು ಹತ್ತಾರು ಜನ ನಿಂತಿದ್ದರು, ಹಿರಿಯ ಡ್ರೈವರೂ ಇದ್ದರು. ಪರದೆ ಯಾಕೆ ನಿಂತಿದೆ ಅಂತ ಮ್ಯಾನೇಜರು ಕೇಳಿದರು. ನಾನು ಬಾಯಿಪಾಠ ಮಾಡಿದ್ದನ್ನು ಒಪ್ಪಿಸಿದೆ. ಅವರು ತಲೆದೂಗಿದರು.

"ಸರಿ. ಹಾಗಾದ್ರೆ ಇವರ ತಪ್ಪೇನಿಲ್ಲ. ಪರದೆಯ ಅಳತೆ ಕೆಡಿಸಿದ್ದು ರಜೆ ಗುಮಾಸ್ತರು ಅಂತ ಶುಕ್ರವಾರ ನೀವೇ ಹೇಳಿದ್ರಲ್ಲ, ನಾನು ಕೇಳಿಸ್ಕೊಂಡೆ. ಅವರಿಗೆ ಮೆಮೋ ಕೊಡ್ತೀನಿ. ಬಸ್ ನಲವತ್ತು ನಿಮಿಷ ನಿಂತಿದ್ದಕ್ಕೆ ಯಾರಾದ್ರೂ ಉತ್ತರ ಕೊಡ್ಲೇಬೇಕು."

ರಜೆ ಗುಮಾಸ್ತರ ಮುಖ ಬಿಳುಚಿಕೊಂಡಿತು. ಹಾಳಾದ ನನ್ನ ಕೋಪ, ಹಾಳಾದ ನನ್ನ ಬಾಯಿ. ತಪ್ಪು ನನ್ನದು ಅಂತ ಹೇಳಲು ಹೊರಟರೆ ಅಕ್ಕನ ಗುಟ್ಟು ರಟ್ಟಾಗುತ್ತದೆ, ಹೇಳದಿದ್ದರೆ ಆ ಮನುಷ್ಯನಿಗೆ ಮೆಮೋ. ನಾನು ತಡವರಿಸುವುದರೊಳಗೆ ಅಕ್ಕ ಎದ್ದು ನಿಂತರು.

"ಅವರು ಏನೂ ಮುಟ್ಟಿಲ್ಲ ಸರ್. ಅಳತೆ ಬದಲಾಯಿಸಿದ್ದು ನಾನು. ನನಗೆ ಕಣ್ಣು ಸರಿಯಿಲ್ಲ. ಮೂರು ವರ್ಷ ಆಯ್ತು. ಸಣ್ಣ ಅಕ್ಷರ ಕಾಣಲ್ಲ, ಅದಕ್ಕೆ ದೊಡ್ಡದು ಮಾಡ್ಕೊಂಡಿದ್ದೆ. ಬಟನ್ ಕಾಣಿಸ್ತಿರಲಿಲ್ಲ, ಎಣಿಸಿ ಒತ್ತುತ್ತಿದ್ದೆ. ಮಂಗಳವಾರ ಎಣಿಕೆ ತಪ್ಪಿತು. ಅಷ್ಟೇ ಆಗಿದ್ದು."

ಅಕ್ಕನ ಕೈ ಮೇಜಿನ ಅಂಚನ್ನು ಬಿಗಿಯಾಗಿ ಹಿಡಿದಿತ್ತು. ಅವರು ಯಾರ ಕಡೆಗೂ ನೋಡುತ್ತಿರಲಿಲ್ಲ.

"ಯಾರಿಗೂ ಹೇಳಿರಲಿಲ್ವಾ?" ಅಂದರು ಮ್ಯಾನೇಜರು.

"ಇಲ್ಲ ಸರ್. ಯಾರಿಗೂ ಗೊತ್ತಿಲ್ಲ."

ಕೌಂಟರಿನ ಆಚೆಯಿಂದ ಹಿರಿಯ ಡ್ರೈವರು ಕೆಮ್ಮಿದರು. "ಗೊತ್ತಿಲ್ದೆ ಏನು ಅಕ್ಕ" ಅಂದರು ಮೆಲ್ಲಗೆ. "ಎರಡು ವರ್ಷದಿಂದ ಈ ಕೌಂಟರಿಗೆ ಬಂದೋರೆಲ್ಲ ಮೊದಲು ತಮ್ಮ ರೂಟು ನಂಬರು ಹೇಳಿ ಆಮೇಲೆ ಮಾತು ತೆಗೀತಾರೆ. ಯಾಕೆ ಅಂದ್ಕೊಂಡ್ರಿ? ನೀವು ಒಂದಿನ ನನ್ನ ಮುಖ ನೋಡ್ಕೊಂಡೇ ಯಾರಪ್ಪಾ ಅಂದ್ರಿ. ಅವತ್ತೇ ಎಲ್ರಿಗೂ ಹೇಳಿಟ್ಟೆ, ಹೊಸಬರು ಬಂದ್ರೂ ಹೇಳ್ತೀನಿ. ಅಕ್ಕನ್ನ ಕೇಳೋ ಹಾಗೆ ಮಾಡ್ಬೇಡಿ, ನೀವೇ ಹೇಳಿ ಅಂತ."

ಅಕ್ಕ ನಿಧಾನವಾಗಿ ಕೂತರು. "ನಾನು ಅದು ನೀವೆಲ್ಲ ಕಲಿತಿರೋ ಮರ್ಯಾದೆ ಅಂದ್ಕೊಂಡಿದ್ದೆ" ಅಂದರು. ಆಮೇಲೆ ಅಳು ಬಂತು ಅವರಿಗೆ. ಸೆರಗಿನಿಂದ ಒರೆಸಿಕೊಂಡರು, ಮತ್ತೆ ಬಂತು. ನನ್ನ ಕಣ್ಣಲ್ಲೂ ನೀರಿತ್ತು, ಮುಚ್ಚುಮರೆ ಏನು. ರಜೆ ಗುಮಾಸ್ತರು ಎದ್ದು ಹೋಗಿ ಒಂದು ಲೋಟ ನೀರು ತಂದು ಅಕ್ಕನ ಕೈಗೇ ಕೊಟ್ಟರು. ನಾನು ಅವರಿಗೆ, ತಪ್ಪಾಯ್ತು ಸರ್, ಅವತ್ತು ಬಾಯಿಗೆ ಬಂದ ಹಾಗೆ ಅಂದುಬಿಟ್ಟೆ ಅಂತ ಎಲ್ಲರ ಮುಂದೆಯೇ ಹೇಳಿದೆ. ಬೈದಿದ್ದೂ ಎಲ್ಲರ ಮುಂದೆ ತಾನೇ.

ಮ್ಯಾನೇಜರು ಕನ್ನಡಕ ತೆಗೆದು ಒರೆಸಿ ಹಾಕಿಕೊಂಡರು. ಅವರ ಮುಖದಲ್ಲಿ ಏನೂ ತಿಳಿಯುತ್ತಿರಲಿಲ್ಲ. "ನನಗೆ ಗೊತ್ತಾಗ್ಬೇಕಾಗಿರೋದು ಒಂದೇ. ನಾಳೆ ಬೆಳಿಗ್ಗೆ ಐದು ಗಂಟೆಗೆ ಬಸ್ ಹೊರಡುತ್ತಾ?" ಅಂದರು. "ಮಾಡಿ. ನಾನು ನೋಡ್ತೀನಿ."

ಅಕ್ಕ ಮೂಗು ಒರೆಸಿಕೊಂಡು ಶುರು ಮಾಡಿದರು. ಮೊದಲ ಎರಡು ಸಾಲನ್ನು ಎರಡೆರಡು ಸಲ ಓದಿ ನೋಡಿದರು. ಆಮೇಲೆ ಇಲ್ಲ. ತಲೆ ಓರೆ ಮಾಡಿ ಒಂದು ಸಾಲು ಓದುವುದು, ಹೆಸರು ಕೂರಿಸುವುದು, ಮುಂದಕ್ಕೆ ಹೋಗುವುದು. ಮ್ಯಾನೇಜರು ಬೇಕೆಂದೇ ನಡುವೆ ತಡೆದರು. ಇಬ್ಬರು ಡ್ರೈವರಿಗೆ ಹುಷಾರಿಲ್ಲ ಅಂದುಕೊಳ್ಳಿ, ಈಗೇನು ಮಾಡ್ತೀರಿ ಅಂದರು. ಅಕ್ಕ ಹಿಂದಕ್ಕೆ ಹೋಗಿ ನಾಲ್ಕು ಹೆಸರು ಆಚೀಚೆ ಮಾಡಿದರು. "ಹದಿನೇಳನೇ ರೂಟಿನವರನ್ನ ಯಾಕೆ ಬೆಳಗಿನ ಪಾಳಿಗೇ ಬಿಟ್ರಿ? ಮಧ್ಯಾಹ್ನಕ್ಕೆ ಹಾಕಿದ್ರೆ ಸುಲಭ ಆಗ್ತಿತ್ತಲ್ಲ" ಅಂದರು ಮ್ಯಾನೇಜರು. "ನಾಳೆ ಮಂಗಳವಾರ ಸರ್. ಮಧ್ಯಾಹ್ನ ಅವನು ತಾಯಿನ ಆಸ್ಪತ್ರೆಗೆ ಕರ್ಕೊಂಡು ಹೋಗ್ಬೇಕು" ಅಂದರು ಅಕ್ಕ, ಪರದೆಯಿಂದ ತಲೆ ತಿರುಗಿಸದೆ.

ನೂರ ನಲವತ್ತೂ ಕೂತವು. ಅಕ್ಕ ಮೌಸಿನ ಬಾಣವನ್ನು ಕೆಳಗೆ ತಂದು ಬಟನ್ ಒತ್ತಿದರು. ಮ್ಯಾನೇಜರು ಹಾಳೆಯನ್ನು ಪ್ರಿಂಟ್ ತೆಗೆಸಿ ಮೇಲಿನಿಂದ ಕೆಳಗೆ ಓದಿದರು. ಒಂದು ಕಡೆ ಪೆನ್ ಇಟ್ಟು ನಿಂತರು, ಮತ್ತೆ ಮುಂದಕ್ಕೆ ಹೋದರು. ಕ್ಷಣ ಒಂದೊಂದೂ ನನಗೆ ಗಂಟೆಯಾಗಿ ಕಂಡಿತು.

"ಡಾಕ್ಟರ ಚೀಟಿ ತಂದುಕೊಡಿ" ಅಂದರು.

ಅಕ್ಕನ ಮುಖ ಇಳಿಯಿತು. "ಸಾಮಾನಿನ ಕೋಣೆಗಾ ಸರ್?"

"ಸಾಮಾನಿನ ಕೋಣೆಯಲ್ಲಿ ನಿಮಗೇನು ಕೆಲಸ? ಈ ಪರದೆ ರಿಪೇರಿಯವರದ್ದಲ್ವಾ? ಅದನ್ನ ಕಚೇರಿಗೇ ಕೊಳ್ಳೋಕೆ ನಾನು ಮೇಲಿನವರಿಗೆ ಬರೀಬೇಕು. ಯಾಕೆ ಬೇಕು ಅಂತ ಕೇಳ್ತಾರೆ." ಅವರು ಎದ್ದು ಹಾಳೆಯನ್ನು ಅಕ್ಕನ ಮುಂದಿಟ್ಟರು. "ನಾಳೆಗೆ ಇದನ್ನೇ ಇಡಿ. ನಾಳೆಯಿಂದ ಮಧ್ಯಾಹ್ನವೇ ಒಂದು ಸಲ ಪ್ರಿಂಟ್ ತೆಗೆದು ಗುಮಾಸ್ತರ ಹತ್ರ ಓದಿಸಿ ನೋಡಿ. ಕಣ್ಣು ಸರಿಯಿರೋರೂ ಮಾಡ್ಬೇಕಾದ ಕೆಲಸ ಅದು." ಅಷ್ಟು ಹೇಳಿ ತಮ್ಮ ಕೋಣೆಗೆ ಹೋದರು.

ಕೌಂಟರಿನ ಆಚೆ ಎಲ್ಲರೂ ಒಟ್ಟಿಗೆ ಮಾತಾಡತೊಡಗಿದರು. ನಾನು ವೈರುಗಳನ್ನು ಕಟ್ಟಿ, ಸ್ಕ್ರೂ ಡ್ರೈವರು ಚೀಲಕ್ಕೆ ಹಾಕಿಕೊಂಡು ಹೊರಟೆ. ಅಕ್ಕ ಕರೆದರು. ಇಡೀ ಕಚೇರಿ ಕೇಳುತ್ತಿತ್ತು, ಕೌಂಟರಿನವರೂ ಕೇಳುತ್ತಿದ್ದರು. ಅವರು ದನಿಯನ್ನೇನೂ ತಗ್ಗಿಸಲಿಲ್ಲ.

"ಇನ್ನೂ ಒಂಚೂರು ದೊಡ್ಡದು ಮಾಡೋಕಾಗುತ್ತೇನಮ್ಮ?"

ಚೀಲ ಕೆಳಗಿಟ್ಟು ಅವರ ಪಕ್ಕ ಕೂತೆ. ಅಕ್ಷರವನ್ನು ಒಂದು ಮೆಟ್ಟಿಲು ಏರಿಸಿದೆ. ವಿಂಡೋ ಪರದೆಯ ಈ ಅಂಚಿನಿಂದ ಆ ಅಂಚಿಗೆ ತುಂಬಿಕೊಂಡು ನಿಂತಿತು. "ಸಾಕಾ ಅಕ್ಕ?" ಅಂದೆ. ಅವರು ತಲೆ ಓರೆ ಮಾಡಿ ಮೊದಲನೇ ಹೆಸರನ್ನು ಗಟ್ಟಿಯಾಗಿ ಓದಿದರು. ಕೌಂಟರಿನ ಆಚೆಯಿಂದ ಆ ಹೆಸರಿನವನು "ಇಲ್ಲೇ ಇದೀನಕ್ಕ" ಅಂದ.